ಗೆದ್ದ ಹಕ್ಕನ್ನು ಹಾಳುಗೆಡವಿದವರು

86 ವರ್ಷದ ಹಿರಿಯರೊಬ್ಬರು ದೇಶದ ಸರ್ಕಾರವನ್ನು ಸುಪ್ರೀಂ ಕೋರ್ಟಿಗೆ ಎಳೆದರು. ಅದರಿಂದ ಅವರಿಗೆ ಒಂದು ಪೈಸೆ ಲಾಭವಿರಲಿಲ್ಲ. ಹುದ್ದೆ ಬೇಕಿರಲಿಲ್ಲ. ಓಟು ಬೇಕಿರಲಿಲ್ಲ. ಅವರು ಕೇಳಿದ್ದು ಇಷ್ಟೇ: ಯಾವ ಕಾನೂನಿನ ಬಲದ ಮೇಲೆ ನೀವು ಈ ದೇಶದ ಜನರ ಬೆರಳಚ್ಚು, ಕಣ್ಣಿನ ಗುರುತು ಕೂಡಿಹಾಕುತ್ತಿದ್ದೀರಿ?

ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. ನಮ್ಮವರು. ಮೈಸೂರಿನ ಮಹಾರಾಜ ಕಾಲೇಜಿನಲ್ಲಿ ಓದಿದವರು. 1952ರಲ್ಲಿ ಕರಿಕೋಟು ತೊಟ್ಟವರು. 1977ರಲ್ಲಿ ಕರ್ನಾಟಕ ಹೈಕೋರ್ಟಿನ ನ್ಯಾಯಮೂರ್ತಿಯಾದರು. 1986ರಲ್ಲಿ ನಿವೃತ್ತರಾದರು. ಆಮೇಲೆ ಕೇಂದ್ರ ಆಡಳಿತ ನ್ಯಾಯಮಂಡಳಿಯ ಬೆಂಗಳೂರು ಪೀಠದಲ್ಲಿ ದುಡಿದರು. ಅಷ್ಟಕ್ಕೇ ಸಾಕು ಅನ್ನಬಹುದಿತ್ತು. ಅನ್ನಲಿಲ್ಲ. 2012ರಲ್ಲಿ ರಿಟ್ ಅರ್ಜಿ ಸಂಖ್ಯೆ 494 ಹಾಕಿದರು.

ಆ ಹೆಸರು ಕಾನೂನು ಕಾಲೇಜಿನ ಮಕ್ಕಳಿಗೆ ಬಾಯಿಪಾಠ. ವಕೀಲರಿಗೆ ನಿತ್ಯದ ಮಾತು. ಖಾಸಗಿತನ ಮೂಲಭೂತ ಹಕ್ಕು ಎಂದ ಆ ಹೆಸರಿನ ತೀರ್ಪು ಯಾರ ಅನ್ನ, ಯಾರ ದುಡ್ಡು, ಯಾರ ಮಾನ ಉಳಿಸಬೇಕಿತ್ತೋ ಅವರಿಗೆ ಮಾತ್ರ ಇಂಥದ್ದೊಂದು ತೀರ್ಪು ಇದೆಯೆಂದು ಯಾರೂ ಹೇಳಲಿಲ್ಲ. ಹೇಳಬೇಕಾದವರೇ ಅದನ್ನು ಮುರಿಯುತ್ತ ಕೂತಿದ್ದರು.

ಶುರುವಿನಿಂದಲೇ ನೋಡಿ. 2009ರ ಜನವರಿಯಲ್ಲಿ ಒಂದು ಸರ್ಕಾರಿ ಅಧಿಸೂಚನೆ ಹೊರಟಿತು, ಆಧಾರ್ ಪ್ರಾಧಿಕಾರ ಹುಟ್ಟಿತು. ಕಾನೂನು ಇರಲಿಲ್ಲ. 2010ರ ಸೆಪ್ಟೆಂಬರಿನಲ್ಲಿ ಮಹಾರಾಷ್ಟ್ರದ ತೆಂಭ್ಲಿ ಎಂಬ ಹಳ್ಳಿಯಲ್ಲಿ ಮೊದಲ ನಂಬರು ಕೊಟ್ಟರು. ಆಗಲೂ ಕಾನೂನು ಇರಲಿಲ್ಲ. ಆ ವರ್ಷದ ಡಿಸೆಂಬರಿನಲ್ಲಿ ಸಂಸತ್ತಿಗೆ ಮಸೂದೆ ಬಂತು. ಯಶವಂತ ಸಿನ್ಹಾ ಅಧ್ಯಕ್ಷತೆಯ ಸ್ಥಾಯಿ ಸಮಿತಿ 2011ರಲ್ಲಿ ಅದನ್ನು ತಿರಸ್ಕರಿಸಿತು. ಹಾಗಾದರೆ ಕೆಲಸ ನಿಲ್ಲಬೇಕಿತ್ತಲ್ಲವೇ? ನಿಲ್ಲಲಿಲ್ಲ. ಸಂಸತ್ತು ಒಪ್ಪದ ಕೆಲಸ ಊರೂರಿನಲ್ಲಿ ನಡೆಯಿತು. ಕೋಟಿ ಕೋಟಿ ಜನ ಸಾಲಿನಲ್ಲಿ ನಿಂತರು. ಮಾಡಿಸದಿದ್ದರೆ ಗ್ಯಾಸ್ ಸಿಗಲ್ಲ, ರೇಷನ್ ಸಿಗಲ್ಲ, ಪಿಂಚಣಿ ಸಿಗಲ್ಲ ಎಂದು ಹೆದರಿಸಿದರು. ಪುಟ್ಟಸ್ವಾಮಿಯವರು ಹಿಡಿದದ್ದು ಈ ಜುಟ್ಟನ್ನು. ಸಂಸತ್ತನ್ನು ದಾಟಿ ಸರ್ಕಾರ ಹೀಗೆ ಮಾಡಲು ಬರುತ್ತದೆಯೇ ಎಂದು ಕೇಳಿದರು.

ಕೋರ್ಟಿಗೆ ಹೋದವರು ಅವರೊಬ್ಬರೇ ಅಲ್ಲ. ಮೈಸೂರಿನ ನಿವೃತ್ತ ಮೇಜರ್ ಜನರಲ್ ಎಸ್.ಜಿ. ಒಂಬತ್ಕೆರೆ ಹೋದರು. ಮಲ ಹೊರುವ ಪದ್ಧತಿಯ ವಿರುದ್ಧ ಹೋರಾಡಿದ, ನಮ್ಮ ಕೋಲಾರ ಚಿನ್ನದ ಗಣಿಯ ಬೆಜವಾಡ ವಿಲ್ಸನ್ ಹೋದರು. ಮಾಹಿತಿ ಹಕ್ಕಿಗಾಗಿ ದುಡಿದ ಅರುಣಾ ರಾಯ್ ಹೋದರು. ಇವರಲ್ಲಿ ಯಾರಿಗೆ ಬಚ್ಚಿಡುವ ಕಪ್ಪುಹಣವಿತ್ತು? ತಪ್ಪು ಮಾಡದವನಿಗೆ ಖಾಸಗಿತನ ಯಾಕೆ ಎಂದು ಟೀವಿಯಲ್ಲಿ ಅರಚಿದವರು ಈ ಹೆಸರುಗಳನ್ನು ಒಮ್ಮೆ ಓದಲಿ.

ಕೋರ್ಟು 2013ರ ಸೆಪ್ಟೆಂಬರಿನಲ್ಲಿ ಹೇಳಿತು: ಆಧಾರ್ ಇಲ್ಲವೆಂದು ಯಾರಿಗೂ ತೊಂದರೆ ಆಗಕೂಡದು. 2014ರಲ್ಲಿ ಮತ್ತೆ ಹೇಳಿತು. 2015ರಲ್ಲಿ ಮತ್ತೆ ಹೇಳಿತು. ಯಾವ ಅಧಿಕಾರಿ ಕೇಳಿದ? ಯಾವ ಮಂತ್ರಿ ತಲೆಬಾಗಿದ? ಸಾಮಾನ್ಯ ಮನುಷ್ಯ ಕೋರ್ಟಿನ ಆದೇಶ ಒಮ್ಮೆ ಮೀರಿದರೆ ಮನೆಗೆ ವಾರಂಟು ಬರುತ್ತದೆ. ಸರ್ಕಾರ ಮೂರು ಸಲ ಮೀರಿತು. ಒಬ್ಬನ ಕುರ್ಚಿಯೂ ಅಲುಗಲಿಲ್ಲ.

ಪಕ್ಷದ ಮಾತು ತೆಗೆಯುವವರಿಗೆ ಒಂದು ನೆನಪು. ಆಧಾರ್ ಶುರು ಮಾಡಿದ್ದು ಯುಪಿಎ. 2014ರ ಚುನಾವಣೆಯಲ್ಲಿ ಬೆಂಗಳೂರಿಗೆ ಪ್ರಚಾರಕ್ಕೆ ಬಂದ ನರೇಂದ್ರ ಮೋದಿ ಅದೇ ಆಧಾರ್ ಅನ್ನು ಟೀಕಿಸಿದರು. ಗೆದ್ದ ಮೇಲೆ ಅದನ್ನೇ ಅಪ್ಪಿಕೊಂಡರು, ಹಿಂದಿನವರಿಗಿಂತ ಹೆಚ್ಚು ಹಬ್ಬಿಸಿದರು. 2016ರಲ್ಲಿ ಹಣಕಾಸು ಮಸೂದೆಯ ವೇಷ ಹಾಕಿಸಿ, ರಾಜ್ಯಸಭೆಯ ಬಾಯಿ ಕಟ್ಟಿ, ಕಾಯ್ದೆ ಮಾಡಿಕೊಂಡರು. ಯಾರು ಬಂದರೂ ಜನರ ಬೆರಳು ಬಿಡಲಿಲ್ಲ.

ಇನ್ನು ಸರ್ಕಾರ ಕೋರ್ಟಿನಲ್ಲಿ ಆಡಿದ ಮಾತು. ಇದನ್ನು ಮರೆಯಬೇಡಿ. 2015ರಲ್ಲಿ ಅಟಾರ್ನಿ ಜನರಲ್ ಮುಕುಲ್ ರೋಹಟ್ಗಿ ಎದ್ದು ನಿಂತರು. ಖಾಸಗಿತನ ಎಂಬ ಮೂಲಭೂತ ಹಕ್ಕೇ ನಿಮಗಿಲ್ಲ ಎಂದರು. ಅದಕ್ಕೆ 1954ರ ಒಂದು ತೀರ್ಪು, 1962ರ ಇನ್ನೊಂದು ತೀರ್ಪು ಹುಡುಕಿ ತಂದರು. 2017ರ ಮೇ ತಿಂಗಳಲ್ಲಿ, ಪ್ಯಾನ್ ಕಾರ್ಡಿಗೆ ಆಧಾರ್ ಜೋಡಿಸುವ ಮೊಕದ್ದಮೆಯಲ್ಲಿ, ತನ್ನ ದೇಹದ ಮೇಲೆ ಮನುಷ್ಯನಿಗೆ ಪೂರ್ತಿ ಹಕ್ಕಿದೆ ಎಂಬುದೇ ಮಿಥ್ಯೆ ಎಂದು ವಾದಿಸಿದರು. ನಿನ್ನ ಮೈ ಪೂರ್ತಿ ನಿನ್ನದಲ್ಲ ಎಂದು ನಿನ್ನದೇ ಸರ್ಕಾರ ಹೇಳಿತು! ಬೀದಿ ಹತ್ತಿ ಉರಿಯಬೇಕಿತ್ತು. ಮಾರನೆಯ ದಿನ ನಾವೆಲ್ಲ ನಮ್ಮ ನಮ್ಮ ಕೆಲಸಕ್ಕೆ ಹೋದೆವು.

ಅಲ್ಲಿಗೂ ಮುಗಿಯಲಿಲ್ಲ. ಖಾಸಗಿತನ ಹಕ್ಕು ಹೌದೋ ಅಲ್ಲವೋ ಎಂದು ತೀರ್ಮಾನಿಸಲು ಕೂತ ಒಂಬತ್ತು ನ್ಯಾಯಮೂರ್ತಿಗಳ ಮುಂದೆ ಸರ್ಕಾರ ತೆಗೆದ ಇನ್ನೊಂದು ಮಾತು ಇದಕ್ಕಿಂತ ಹೊಲಸು. ಅನ್ನ ನೀರಿಗೆ ಗತಿಯಿಲ್ಲದ ಜನರಿರುವ ದೇಶದಲ್ಲಿ ಖಾಸಗಿತನ ಮುಂದುವರಿದ ದೇಶಗಳ ಚಿಂತೆ, ನಮ್ಮದಲ್ಲ ಎಂಬ ವಾದ. ಬಡವನಿಗೆ ಅನ್ನ ಕೊಟ್ಟರೆ ಸಾಕು, ಮಾನ ಯಾಕೆ ಎಂಬ ವಾದ.

ಕೊಟ್ಟಿರಾ ಅನ್ನ?

ಆ ವಾದ ನಡೆದದ್ದು 2017ರ ಜುಲೈಯಲ್ಲಿ. ಅದೇ ಜುಲೈಯಲ್ಲಿ ನಮ್ಮ ಗೋಕರ್ಣದಲ್ಲಿ ಒಂದೇ ದಲಿತ ಕುಟುಂಬದ ಮೂವರು ಅಣ್ಣತಮ್ಮಂದಿರು ಎರಡು ವಾರದೊಳಗೆ ಸತ್ತರು. ರೇಷನ್ ಕಾರ್ಡಿಗೆ ಆಧಾರ್ ಜೋಡಿಸಿರಲಿಲ್ಲ. ಅವರಿಗೆ ತಿಂಗಳುಗಟ್ಟಲೆ ಅಕ್ಕಿ ಸಿಕ್ಕಿರಲಿಲ್ಲ ಎಂಬುದನ್ನು ಮಾನವ ಹಕ್ಕು ಕಾರ್ಯಕರ್ತರು ಹೋಗಿ ದಾಖಲಿಸಿದರು. ಆಡಳಿತ ಏನು ಹೇಳಿತು? ಕುಡಿದು ಸತ್ತರು ಎಂದಿತು. ಸತ್ತ ಬಡವನ ಬಾಯಿಗೆ ಹೆಂಡ ಸುರಿದು ಫೈಲು ಮುಚ್ಚುವುದು ಎಷ್ಟು ಸುಲಭ! ಜಿಲ್ಲಾಡಳಿತದ ಮಾತನ್ನೇ ಹಿಡಿಯೋಣ. ಕುಡಿಯುವವನಿಗೆ ಅಕ್ಕಿ ಕೊಡಬೇಡಿ ಎಂದು ಆಹಾರ ಭದ್ರತಾ ಕಾಯ್ದೆಯ ಯಾವ ಪುಟದಲ್ಲಿ ಬರೆದಿದೆ?

ಆಗಸ್ಟ್ 24ಕ್ಕೆ ತೀರ್ಪು ಬಂತು. ಒಂಬತ್ತೂ ಮಂದಿ ಒಂದೇ ಮಾತು ಹೇಳಿದರು. ಖಾಸಗಿತನ ಮೂಲಭೂತ ಹಕ್ಕು. ಜೀವಿಸುವ ಹಕ್ಕಿನೊಳಗೇ ಅದಿದೆ. ಸರ್ಕಾರ ನೆಚ್ಚಿದ್ದ ಎರಡೂ ಹಳೆಯ ತೀರ್ಪುಗಳ ಆ ಮಾತು ಬಿದ್ದುಹೋಯಿತು. ಬಡವರಿಗೆ ಇಂಥ ಹಕ್ಕು ಬೇಕಿಲ್ಲ ಎಂಬ ವಾದವನ್ನು ಕೋರ್ಟು ಹೆಸರಿಟ್ಟು ತಳ್ಳಿಹಾಕಿತು. ತುರ್ತು ಪರಿಸ್ಥಿತಿಯಲ್ಲಿ ಜೀವದ ಹಕ್ಕನ್ನೇ ಕೈಬಿಟ್ಟಿದ್ದ 1976ರ ತೀರ್ಪನ್ನೂ ಹೂತಿತು. ಆ ಪೀಠದಲ್ಲಿ ಕೂತಿದ್ದ ಅಬ್ದುಲ್ ನಜೀರ್ ನಮ್ಮ ದಕ್ಷಿಣ ಕನ್ನಡದವರು. ಅರ್ಜಿ ಹಾಕಿದವರಿಗೆ ಆಗ 91 ವರ್ಷ. ಒಂದು ವರ್ಷದ ಮೇಲೆ ಸಲಿಂಗ ಪ್ರೇಮ ಅಪರಾಧವಲ್ಲ ಎಂದು ಅದೇ ಕೋರ್ಟು ಸಾರಿದಾಗ, ಆ ತೀರ್ಪಿಗೂ ಪುಟ್ಟಸ್ವಾಮಿ ತೀರ್ಪೇ ದಾರಿಯಾಯಿತು. ಒಬ್ಬ ಮನುಷ್ಯ ಎಷ್ಟು ಮಂದಿಯ ಬಾಗಿಲು ತೆರೆದರು ನೋಡಿ.

ಆದರೆ ತೀರ್ಪು ಬಂದು ತಿಂಗಳು ಕಳೆದ ಕೆಲವೇ ದಿನಕ್ಕೆ ಜಾರ್ಖಂಡ್‌ನ ಸಿಮ್ಡೆಗಾದಲ್ಲಿ 11 ವರ್ಷದ ಹುಡುಗಿಯೊಬ್ಬಳು ಸತ್ತಳು, ಸೆಪ್ಟೆಂಬರ್ 28ರಂದು. ಆಧಾರ್ ಜೋಡಿಸಿಲ್ಲವೆಂದು ಮನೆಯ ರೇಷನ್ ಕಾರ್ಡು ರದ್ದಾಗಿತ್ತು. ಅನ್ನ ಅನ್ನ ಎನ್ನುತ್ತಲೇ ಮಗಳು ಹೋದಳು ಎಂದಳು ತಾಯಿ. ಮಲೇರಿಯಾ ಎಂದಿತು ಆಡಳಿತ. ಗೋಕರ್ಣದಲ್ಲಿ ಹೆಂಡ, ಸಿಮ್ಡೆಗಾದಲ್ಲಿ ಮಲೇರಿಯಾ. ಹಸಿವು ಮಾತ್ರ ಯಾವ ಕಡತದಲ್ಲೂ ಇಲ್ಲ.

2018ರ ಸೆಪ್ಟೆಂಬರಿನಲ್ಲಿ ಐವರ ಪೀಠ ಆಧಾರ್ ಕಾಯ್ದೆಯ ಮೇಲೆಯೇ ತೀರ್ಪು ಕೊಟ್ಟಿತು. ನಾಲ್ವರು ಒಪ್ಪಿದರು, ಒಬ್ಬರು ಒಪ್ಪಲಿಲ್ಲ. ಹಣಕಾಸು ಮಸೂದೆ ಎಂದು ಪಾಸು ಮಾಡಿದ್ದು ಸಂವಿಧಾನಕ್ಕೆ ಮಾಡಿದ ಮೋಸ ಎಂದು ನ್ಯಾಯಮೂರ್ತಿ ಚಂದ್ರಚೂಡ್ ಒಬ್ಬರೇ ಬರೆದರು. ಬಹುಮತದ ತೀರ್ಪು ಏನು ಮಾಡಿತು? ಬ್ಯಾಂಕ್ ಖಾತೆಗೆ ಆಧಾರ್ ಕಡ್ಡಾಯವಲ್ಲ ಎಂದಿತು. ಮೊಬೈಲ್ ಸಿಮ್ಮಿಗೆ ಬೇಡ ಎಂದಿತು. ಖಾಸಗಿ ಕಂಪನಿ ಕೇಳಕೂಡದು ಎಂದಿತು. ಸರಿ. ರೇಷನ್ನಿಗೆ? ಪಿಂಚಣಿಗೆ? ಉದ್ಯೋಗ ಖಾತರಿಯ ಕೂಲಿಗೆ? ಅಲ್ಲಿ ಇರಲಿ ಎಂದಿತು. ಉಳ್ಳವರ ಮೈಮೇಲಿಂದ ಕೈ ತೆಗೆಸಿ, ಇಲ್ಲದವರ ಕೈಯನ್ನು ಯಂತ್ರದ ಮೇಲೇ ಬಿಟ್ಟಿತು. ಈ ತೀರ್ಪನ್ನು ಗೌರವಿಸುತ್ತೇನೆ ಎಂದು ನಾನು ಬರೆಯಲಾರೆ.

ಉಳ್ಳವರಿಗೆ ಸಿಕ್ಕ ಆ ಬಿಡುಗಡೆಯೂ ಬಾಳಲಿಲ್ಲ. 2019ರಲ್ಲಿ ಕಾಯ್ದೆ ತಿದ್ದಿ, ಇಷ್ಟವಿದ್ದರೆ ಕೊಡಿ ಎಂಬ ನೆಪದಲ್ಲಿ ಬ್ಯಾಂಕು, ಫೋನ್ ಕಂಪನಿಗಳನ್ನು ಒಳಗೆ ಬಿಟ್ಟರು. 2025ರ ಜನವರಿಯಲ್ಲಿ ನಿಯಮ ತಿದ್ದಿ ಬೇರೆ ಖಾಸಗಿಯವರಿಗೂ ದಾರಿ ಮಾಡಿದರು. ಕೋರ್ಟು ಮುಚ್ಚಿದ ಬಾಗಿಲನ್ನು ಹಿತ್ತಲಿಂದ ತೆಗೆಯುವುದಕ್ಕೆ ಆಳುವವರಿಗೆ ಎಷ್ಟು ಹುರುಪು!

ಈಗ ಗೋಡೆಯ ಕತೆ. 2018ರ ಮಾರ್ಚಿನಲ್ಲಿ ಅಟಾರ್ನಿ ಜನರಲ್ ವೇಣುಗೋಪಾಲ್ ಕೋರ್ಟಿಗೆ ಹೇಳಿದರು: ಆಧಾರ್ ಮಾಹಿತಿ 13 ಅಡಿ ಎತ್ತರ, 5 ಅಡಿ ದಪ್ಪದ ಗೋಡೆಯ ಹಿಂದೆ ಭದ್ರವಾಗಿದೆ. ಅದಕ್ಕೆ ಹತ್ತು ತಿಂಗಳು ಮೊದಲೇ, 2017ರ ಮೇ ತಿಂಗಳಲ್ಲಿ, ಬೆಂಗಳೂರಿನ ಸೆಂಟರ್ ಫಾರ್ ಇಂಟರ್ನೆಟ್ ಅಂಡ್ ಸೊಸೈಟಿ ಸಂಸ್ಥೆ ವರದಿ ಕೊಟ್ಟಿತ್ತು. ಸುಮಾರು 13 ಕೋಟಿ ಜನರ ಆಧಾರ್ ನಂಬರುಗಳು ಸರ್ಕಾರದ ಜಾಲತಾಣಗಳಲ್ಲೇ ಬಯಲಿಗೆ ಬಿದ್ದಿದ್ದವು. ಪಿಂಚಣಿಯ ಪಟ್ಟಿ, ಉದ್ಯೋಗ ಖಾತರಿಯ ಪಟ್ಟಿ, ಜೊತೆಗೆ ಬ್ಯಾಂಕ್ ಖಾತೆಯ ವಿವರ. ಯಾವ ಕಳ್ಳನೂ ಗೋಡೆ ಹಾರಿರಲಿಲ್ಲ. ಇಲಾಖೆಗಳೇ ತಂದು ಅಂಗಳದಲ್ಲಿ ಹರವಿದ್ದವು. ಪ್ರಾಧಿಕಾರ ಹರಿಹಾಯ್ದದ್ದು ಯಾರ ಮೇಲೆ? ವರದಿ ಬರೆದವರ ಮೇಲೆ. ನೋಟಿಸು ಹೋದದ್ದು ಅವರಿಗೆ.

2018ರ ಜನವರಿಯಲ್ಲಿ ಟ್ರಿಬ್ಯೂನ್ ಪತ್ರಿಕೆಯ ವರದಿಗಾರ್ತಿ 500 ರೂಪಾಯಿ ಕೊಟ್ಟು ಆ ಮಾಹಿತಿಗೆ ದಾರಿ ಕೊಂಡು ತೋರಿಸಿದರು. ಎಫ್‌ಐಆರ್‌ನಲ್ಲಿ ಅವರ ಹೆಸರನ್ನೇ ಸೇರಿಸಿದರು. ಕಳ್ಳತನವನ್ನು ತೋರಿಸಿದವಳು ಆರೋಪಿ. ಬಾಗಿಲು ತೆಗೆದಿಟ್ಟವನಿಗೆ ಸಂಬಳ, ಬಡ್ತಿ, ಪಿಂಚಣಿ.

ದಿಲ್ಲಿಯನ್ನು ಬೈದು ಕೈತೊಳೆದುಕೊಳ್ಳುವ ಹಾಗಿಲ್ಲ. ವಿಧಾನಸೌಧದವರೇ, ನಿಮ್ಮ ಸರದಿ.

2023ರಲ್ಲಿ ಏನಾಯಿತು? ನಮ್ಮ ನೋಂದಣಿ ಇಲಾಖೆಯ ಕಾವೇರಿ ತಂತ್ರಾಂಶದಲ್ಲಿ ಕ್ರಯಪತ್ರಗಳಿದ್ದವು. ಕ್ರಯಪತ್ರದ ಮೇಲೆ ಕೊಟ್ಟವರ, ಕೊಂಡವರ ಹೆಬ್ಬೆಟ್ಟು. ಪಕ್ಕದಲ್ಲೇ ಆಧಾರ್ ನಂಬರು. ಅವನ್ನು ಯಾರು ಬೇಕಾದರೂ ಇಳಿಸಿಕೊಳ್ಳುವಂತೆ ಬಿಟ್ಟಿದ್ದರು. ಕಣಜದ ಬಾಗಿಲು ತೆಗೆದಿಟ್ಟು ಹೆಗ್ಗಣಕ್ಕೆ ದೀಪ ಹಿಡಿದಂಥ ಕೆಲಸ. ವಂಚಕರು ಆ ಹೆಬ್ಬೆಟ್ಟಿನ ಅಚ್ಚು ತೆಗೆದರು. ಆಧಾರ್ ಆಧಾರಿತ ಪಾವತಿಯ ಯಂತ್ರಕ್ಕೆ ಒತ್ತಿದರು. ಅಲ್ಲಿ ಓಟಿಪಿ ಬೇಡ, ಪಿನ್ ಬೇಡ, ಕಾರ್ಡ್ ಬೇಡ. ನಂಬರು, ಬ್ಯಾಂಕಿನ ಹೆಸರು, ಹೆಬ್ಬೆಟ್ಟು ಸಾಕು. ಬೆಂಗಳೂರಿನಲ್ಲಿ, ಮಂಗಳೂರಿನಲ್ಲಿ ಜನರ ಖಾತೆಯಿಂದ ಹತ್ತತ್ತು ಸಾವಿರ ಎದ್ದುಹೋಯಿತು. ಸೈಟು ಕೊಂಡದ್ದೇ ತಪ್ಪಾಯಿತೇ? ಸರ್ಕಾರದ ಕಚೇರಿಯಲ್ಲಿ, ಸರ್ಕಾರದ ಅಧಿಕಾರಿಯ ಮುಂದೆ ಸಹಿ ಹಾಕಿದ್ದೇ ತಪ್ಪಾಯಿತೇ?

ಹಣ ಕದ್ದ ಕೆಲವರನ್ನು ಪೊಲೀಸರು ಹಿಡಿದರು. ಇಲಾಖೆ ಆಮೇಲೆ ಹೆಬ್ಬೆಟ್ಟು ಮರೆಮಾಡಲು ಎದ್ದಿತು. ಆದರೆ ಅಷ್ಟು ದಿನ ಬಯಲಿಗಿಟ್ಟವರು ಯಾರು? ಈ ವ್ಯವಸ್ಥೆಗೆ ಒಪ್ಪಿಗೆ ಕೊಟ್ಟ ಸಹಿ ಯಾರದು? ಬೆರಳಚ್ಚು ಒಮ್ಮೆ ಹೋದರೆ ಹೋಯಿತು, ಹೊಸದನ್ನು ಯಾವ ಕಚೇರಿಯೂ ಮಾಡಿಕೊಡುವುದಿಲ್ಲ. ಜನರಿಗೆ ಸಿಕ್ಕಿದ್ದು ಒಂದು ಉಪದೇಶ: ಆ್ಯಪ್‌ಗೆ ಹೋಗಿ ನಿಮ್ಮ ಬಯೋಮೆಟ್ರಿಕ್ ಲಾಕ್ ಮಾಡಿಕೊಳ್ಳಿ.

ಲಾಕ್ ಮಾಡಿದರೆ ನ್ಯಾಯಬೆಲೆ ಅಂಗಡಿಯಲ್ಲಿ ಥಂಬ್ ಹತ್ತುವುದಿಲ್ಲ. ತೆಗೆದರೆ ಖಾತೆ ಬಯಲು. ಅಕ್ಕಿ ಬೇಕೋ, ಖಾತೆ ಬೇಕೋ ಆರಿಸಿಕೋ ಎಂದು ಸ್ಮಾರ್ಟ್ ಫೋನ್ ಇಲ್ಲದ ಅಜ್ಜಿಗೆ ಹೇಳುವ ಎದೆಗಾರಿಕೆ ಯಾವ ಅಧಿಕಾರಿಗಿದೆ? ಇದ್ದರೆ ಬನ್ನಿ. ತಿಂಗಳ ಮೊದಲ ವಾರ ಯಾವುದಾದರೂ ರೇಷನ್ ಅಂಗಡಿಯ ಮುಂದೆ ನಿಂತು ಹೇಳಿ. ಕಾಫಿ ತೋಟದಲ್ಲಿ, ಇಟ್ಟಿಗೆ ಗೂಡಿನಲ್ಲಿ, ಅಡಿಕೆ ಸುಲಿದು ಸುಲಿದು ಸವೆದ ಬೆರಳನ್ನು ಸೆರಗಿಗೆ ಒರೆಸಿ, ಎಣ್ಣೆ ಸವರಿ, ಮತ್ತೆ ಮತ್ತೆ ಒತ್ತುವ ಹೆಂಗಸಿನ ಮುಖ ನೋಡಿ ಹೇಳಿ. ದುಡಿದದ್ದಕ್ಕೇ ಅವಳ ಗುರುತು ಅಳಿಸಿದೆ. ಸರ್ವರ್ ಡೌನ್ ಎಂದರೆ ಮಾರನೆಯ ದಿನದ ಕೂಲಿಯೂ ಹೋಯಿತು.

2022ರ ನವೆಂಬರಿನಲ್ಲಿ ಇನ್ನೊಂದು ಹೊಲಸು ಹೊರಬಂತು. ಚಿಲುಮೆ ಎಂಬ ಸಂಸ್ಥೆ. ಮತದಾರರ ಜಾಗೃತಿಗೆ ಎಂದು ಬಿಬಿಎಂಪಿಯೇ ಅನುಮತಿ ಕೊಟ್ಟಿತ್ತು. ಅದರ ಹುಡುಗರು ಮತಗಟ್ಟೆ ಅಧಿಕಾರಿಗಳೆಂದು ಗುರುತಿನ ಚೀಟಿ ನೇತುಹಾಕಿಕೊಂಡು ಮನೆ ಮನೆಗೆ ಹೋಗಿ ಮತದಾರರ ವಿವರ ಕಲೆಹಾಕಿದರು. ಜನ ನಂಬಿದರು. ಪಾಲಿಕೆಯವರು ಬಂದಿದ್ದಾರೆ ಅಂದರೆ ನಂಬದೇ ಏನು ಮಾಡುತ್ತಾರೆ? ಸುದ್ದಿಯಾಯಿತು. ಸಂಸ್ಥೆಯವರು ಜೈಲು ಕಂಡರು. ಚುನಾವಣಾ ಆಯೋಗದ ಆದೇಶದ ಮೇಲೆ ಇಬ್ಬರು ಐಎಎಸ್ ಅಧಿಕಾರಿಗಳು ಅಮಾನತಾದರು. ಪಕ್ಷಗಳು ಒಂದರ ಮೇಲೊಂದು ಕೆಸರೆರಚಿದವು. ಸರಿ, ಆ ಮಾಹಿತಿ ಯಾರ ಕೈ ಸೇರಿತು? ಅಳಿಸಿದರೇ? ಶಿವಾಜಿನಗರದ, ಚಿಕ್ಕಪೇಟೆಯ, ಮಹದೇವಪುರದ ಮತದಾರರ ಮನೆಗೆ ಹೋಗಿ, ನಿಮ್ಮ ಮಾಹಿತಿ ಇಂಥವರ ಹತ್ತಿರ ಹೋಗಿದೆ, ಕ್ಷಮಿಸಿ ಎಂದು ಹೇಳಿದವರು ಯಾರು?

2023ರ ಜೂನ್‌ನಲ್ಲಿ ಟೆಲಿಗ್ರಾಂನಲ್ಲಿ ಫೋನ್ ನಂಬರು ಹಾಕಿದರೆ ಸಾಕು, ಕೋವಿಡ್ ಲಸಿಕೆಗೆ ಕೊಟ್ಟ ಆಧಾರ್, ಪಾಸ್‌ಪೋರ್ಟ್ ನಂಬರು ಬಂದು ಬೀಳುತ್ತಿತ್ತು. ಲಸಿಕೆಯ ಜಾಲತಾಣ ಕೋವಿನ್ ಸುರಕ್ಷಿತ ಎಂದಿತು ಕೇಂದ್ರ. 2025ರ ಜುಲೈಯಿಂದ ಅಂಗನವಾಡಿಯ ಪೌಷ್ಟಿಕ ಆಹಾರಕ್ಕೆ ಬಸುರಿ, ಬಾಣಂತಿಯರ ಮುಖವನ್ನೇ ಸ್ಕ್ಯಾನ್ ಮಾಡಬೇಕೆಂದರು. ಬೆರಳಾಯಿತು, ಕಣ್ಣಾಯಿತು, ಈಗ ಮುಖ. ಒಂದು ಪೊಟ್ಟಣ ಹಿಟ್ಟಿಗೆ!

ಇಷ್ಟೆಲ್ಲ ಸೋರಿದ ಮೇಲೆ ರಕ್ಷಣೆಗೆಂದು ಕಾನೂನು ಬಂತು. 2023ರ ಆಗಸ್ಟಿನಲ್ಲಿ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ. ತೀರ್ಪಿಗೂ ಕಾಯ್ದೆಗೂ ನಡುವೆ ಆರು ವರ್ಷ. ನಿಯಮ ಹೊರಬರಲು ಇನ್ನೆರಡು ವರ್ಷ, 2025ರ ನವೆಂಬರ್‌ವರೆಗೆ. ಒಳಗೇನಿದೆ ಓದಿ. ತನಗೆ ಬೇಕಾದ ಸಂಸ್ಥೆಯನ್ನು ಕೇಂದ್ರ ಸರ್ಕಾರ ಒಂದು ಅಧಿಸೂಚನೆ ಹೊರಡಿಸಿ ಕಾಯ್ದೆಯಿಂದ ಹೊರಗಿಡಬಹುದು. ದೂರು ಕೇಳುವ ಮಂಡಳಿಯ ಸದಸ್ಯರನ್ನು ನೇಮಿಸುವುದೂ ಅದೇ ಕೇಂದ್ರ ಸರ್ಕಾರ. ಕಂಪನಿಗೆ 250 ಕೋಟಿವರೆಗೆ ದಂಡ ಹಾಕಬಹುದು, ಆದರೆ ಆ ದಂಡ ಸೇರುವುದು ಸರ್ಕಾರದ ಖಜಾನೆಗೆ. ನಿಮ್ಮ ಮಾಹಿತಿ ಸೋರಿತು, ನಿಮ್ಮ ಹಣ ಹೋಯಿತು, ನಿಮಗೆ? ಏನೂ ಇಲ್ಲ. ಹಳೆಯ ಮಾಹಿತಿ ತಂತ್ರಜ್ಞಾನ ಕಾಯ್ದೆಯಲ್ಲಿ ಪರಿಹಾರ ಕೇಳಲು 43ಎ ಎಂಬ ಕಲಮಾದರೂ ಇತ್ತು. ಅದನ್ನು ಕಿತ್ತುಹಾಕುವ ಸಾಲೂ ಈ ಕಾಯ್ದೆಯಲ್ಲಿದೆ. ಮೇಲಾಗಿ ಸುಳ್ಳು ದೂರು ಕೊಟ್ಟಿರಿ ಎಂದು ಅವರಿಗೆ ಕಂಡರೆ ನಿಮಗೇ 10,000 ರೂಪಾಯಿವರೆಗೆ ದಂಡ.

ಇದೆಲ್ಲಕ್ಕಿಂತ ಉರಿಯುವ ಸಂಗತಿ ಇನ್ನೊಂದಿದೆ. ಇದೇ ಕಾಯ್ದೆಯ 44(3) ಮಾಹಿತಿ ಹಕ್ಕಿನ ಕಾಯ್ದೆಗೆ ಕೊಡಲಿ ಹಾಕಿತು. ಮೊದಲು ಸಾರ್ವಜನಿಕ ಕೆಲಸಕ್ಕೆ ಸಂಬಂಧಪಟ್ಟಿದ್ದರೆ ಅಧಿಕಾರಿ ಮಾಹಿತಿ ಕೊಡಬೇಕಿತ್ತು. ಶಾಸನಸಭೆಗೆ ಕೊಡಬೇಕಾದ ಮಾಹಿತಿಯನ್ನು ಜನರಿಗೂ ಕೊಡಬೇಕು ಎಂಬ ಮಾತಿತ್ತು. ಈಗ ಅದೆಲ್ಲ ಹೋಯಿತು. ವೈಯಕ್ತಿಕ ಮಾಹಿತಿ ಅಂದುಬಿಟ್ಟರೆ ಮುಗಿಯಿತು. ಸಾರ್ವಜನಿಕ ಹಿತವಿದ್ದರೆ ಕೊಡಲು 8(2) ಇದೆಯಲ್ಲ ಎನ್ನುತ್ತಾರೆ. ಹಿತ ಇದೆಯೋ ಇಲ್ಲವೋ ಎಂದು ತೂಗುವವನು ಯಾರು? ತಿಂದವನ ಪಕ್ಕದ ಮೇಜಿನವನು. ಸುಳ್ಳು ಹಾಜರಿ ಬರೆದ ಗುತ್ತಿಗೆದಾರನ ಹೆಸರು ವೈಯಕ್ತಿಕ. ನಕಲಿ ಪ್ರಮಾಣಪತ್ರದಿಂದ ನೌಕರಿ ಹೊಡೆದವನ ಅಂಕಪಟ್ಟಿ ವೈಯಕ್ತಿಕ. ಕೂಲಿಕಾರಳ ಹೆಬ್ಬೆಟ್ಟು ಮಾತ್ರ ಊರಿಗೆಲ್ಲ ಸೇರಿದ್ದು.

ಇದಕ್ಕೆ ಸಮರ್ಥನೆ ಏನು ಗೊತ್ತೇ? ಪುಟ್ಟಸ್ವಾಮಿ ತೀರ್ಪು! ಖಾಸಗಿತನ ಮೂಲಭೂತ ಹಕ್ಕು ಎಂದು ಸುಪ್ರೀಂ ಕೋರ್ಟೇ ಹೇಳಿದೆಯಲ್ಲ ಎಂದು 2025ರ ಏಪ್ರಿಲ್‌ನಲ್ಲಿ ಕೇಂದ್ರ ಸಚಿವ ಅಶ್ವಿನಿ ವೈಷ್ಣವ್ ಆ ತೀರ್ಪನ್ನೇ ಮುಂದೊಡ್ಡಿದರು. ಅದಕ್ಕೆ ಹತ್ತು ವರ್ಷ ಹಿಂದೆ ಅಂಥ ಹಕ್ಕೇ ಇಲ್ಲ ಎಂದು ವಾದಿಸಿದ್ದ ಸರ್ಕಾರ ಇದೇ ಅಲ್ಲವೇ? ಜನ ಕೇಳಿದಾಗ ಇಲ್ಲದ ಹಕ್ಕು, ಅಧಿಕಾರಿಯ ಕಡತ ಮುಚ್ಚಲು ಎಲ್ಲಿಂದ ಬಂತು? ಜನರನ್ನು ಸರ್ಕಾರದಿಂದ ಕಾಯಲು ಆ ಹಿರಿಯ ಜೀವ ಐದು ವರ್ಷ ಕಾದಾಡಿತು. ಅವರ ಹೆಸರನ್ನೇ ಹಿಡಿದು ಸರ್ಕಾರವನ್ನು ಜನರಿಂದ ಬಚ್ಚಿಟ್ಟರು. ಇದು ಕಳ್ಳತನ. ಬೇರೆ ಮಾತಿಲ್ಲ.

ಅದನ್ನು ಖಂಡಿಸಲು ಅವರಿರಲಿಲ್ಲ. 2024ರ ಅಕ್ಟೋಬರ್ 28ರಂದು, 98ನೆಯ ವಯಸ್ಸಿನಲ್ಲಿ, ಬೆಂಗಳೂರಿನಲ್ಲಿ ತೀರಿಕೊಂಡಿದ್ದರು.

ಈಗ ನಾವು ಇದ್ದೇವೆ. ರಾಜ್ಯ ಸರ್ಕಾರಕ್ಕೆ ನೇರವಾಗಿ ಹೇಳುತ್ತೇನೆ. ಇಲಾಖೆ ಬಯಲಿಗಿಟ್ಟ ಹೆಬ್ಬೆಟ್ಟಿನಿಂದ ಹಣ ಕಳೆದುಕೊಂಡ ಪ್ರತಿಯೊಬ್ಬರಿಗೂ ಆ ಹಣವನ್ನು ಇಲಾಖೆಯೇ ಕಟ್ಟಿಕೊಡಲಿ. ಬೆರಳು ಹತ್ತಲಿಲ್ಲವೆಂದು ಒಬ್ಬರನ್ನೂ ರೇಷನ್ ಅಂಗಡಿಯಿಂದ ಬರಿಗೈಲಿ ಕಳಿಸಕೂಡದು. ಕಳಿಸಿದರೆ ಅಂಗಡಿಯವನಲ್ಲ, ಆದೇಶ ಬರೆದ ಮೇಲಧಿಕಾರಿ ಉತ್ತರ ಹೇಳಲಿ. ದತ್ತಾಂಶ ಸೋರಿಸಿದ ಅಧಿಕಾರಿಯ ಹೆಸರನ್ನು ಕಚೇರಿಯ ಬೋರ್ಡಿನ ಮೇಲೆ ಹಾಕಲಿ.

ತಾವಾಗಿ ಮಾಡುತ್ತಾರೆಯೇ? ಮಾಡುವುದಿಲ್ಲ. ಕೋರ್ಟು ಮೂರು ಸಲ ಹೇಳಿದಾಗಲೇ ಮಾಡದವರು ಈ ಬರಹಕ್ಕೆ ಬೆದರುತ್ತಾರೆಯೇ? ಆದ್ದರಿಂದ ನಿಮಗೆ ಹೇಳುತ್ತಿದ್ದೇನೆ. ಮುಂದಿನ ಗ್ರಾಮಸಭೆಗೆ, ವಾರ್ಡ್ ಸಭೆಗೆ ಹೋಗಿ. ಥಂಬ್ ಹತ್ತದೆ ರೇಷನ್ ತಪ್ಪಿದವರ ಪಟ್ಟಿ ಓದಿಸಿ, ನಡಾವಳಿಯಲ್ಲಿ ಬರೆಸಿ. ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ, ತಿರಸ್ಕರಿಸಿದರೆ ಮೇಲ್ಮನವಿ ಹಾಕಿ. ನಿಮ್ಮ ಹೆಬ್ಬೆಟ್ಟು ಕೇಳುವ ಪ್ರತಿ ಕೌಂಟರಿನಲ್ಲೂ ಯಾವ ಕಾನೂನಿನಡಿ, ಎಲ್ಲಿಡುತ್ತೀರಿ, ಸೋರಿದರೆ ಯಾರು ಹೊಣೆ ಎಂದು ಬರವಣಿಗೆಯಲ್ಲಿ ಕೇಳಿ. ಉತ್ತರ ಸಿಗುವವರೆಗೆ ಅಲ್ಲಿಂದ ಕದಲಬೇಡಿ.